ಹಾಡಬಾರದೆಂದ ಭಾನುವಾರ: ಗ್ರೀನಿಚ್ ವಿಲೇಜ್‌ನ ಜನಪದ ಸಂಗೀತ ಮತ್ತು 17 ನಿಮಿಷದ ಒಂದು ಚಿತ್ರಸುರುಳಿ

ನ್ಯೂಯಾರ್ಕ್ ನಗರದ ಗ್ರೀನಿಚ್ ವಿಲೇಜ್ ಬಡಾವಣೆಯ ನಡುವೆ ವಾಷಿಂಗ್ಟನ್ ಸ್ಕ್ವೇರ್ ಎಂಬ ಉದ್ಯಾನವಿದೆ. 1961ರ ಏಪ್ರಿಲ್ 9ರ ಭಾನುವಾರ ಮಧ್ಯಾಹ್ನ ಗಿಟಾರ್, ಬ್ಯಾಂಜೊಗಳನ್ನು ಹಿಡಿದು ಅಲ್ಲಿಗೆ ಬಂದ ನೂರಾರು ಯುವಕ ಯುವತಿಯರನ್ನು ಪೊಲೀಸರು ತಡೆದರು. ಮಾತಿಗೆ ಮಾತು ಬೆಳೆದು ನೂಕಾಟವಾಯಿತು, ಹತ್ತು ಮಂದಿಯ ಬಂಧನವೂ ಆಯಿತು. ಮರುದಿನ ನ್ಯೂಯಾರ್ಕ್ ಮಿರರ್ ಪತ್ರಿಕೆ, ಮೂರು ಸಾವಿರ ಬೀಟ್ನಿಕರು ವಿಲೇಜ್‌ನಲ್ಲಿ ದಂಗೆಯೆದ್ದರು ಎಂಬ ತಲೆಬರಹದೊಂದಿಗೆ ಸುದ್ದಿ ಪ್ರಕಟಿಸಿತು. ಬೀಟ್ನಿಕ್ ಎಂದರೆ ಆಗಿನ ಪತ್ರಿಕೆಗಳ ಬಾಯಲ್ಲಿ ಗಡ್ಡ ಬಿಟ್ಟ, ಕೆಲಸವಿಲ್ಲದ, ನಂಬಲಾಗದ ಹುಡುಗ ಎಂದಷ್ಟೇ ಅರ್ಥ. ಆ ಮಧ್ಯಾಹ್ನದ ಬಗ್ಗೆ ಪತ್ರಿಕೆಯ ಈ ಮಾತೊಂದೇ ಉಳಿದಿದ್ದರೆ, ನಗರವೊಂದರ ಸಂಗೀತ ಬದುಕಿನ ಒಂದು ಮುಖ್ಯ ದಿನ ದಂಗೆಗಳ ಪಟ್ಟಿಯಲ್ಲಿ ಒಂದು ಸಾಲಾಗಿ ಹೋಗುತ್ತಿತ್ತು.

ಹಾಗಾಗಲಿಲ್ಲ. ಡ್ಯಾನ್ ಡ್ರೇಸಿನ್ ಎಂಬ 18 ವರ್ಷದ ಹುಡುಗ ಗೆಳೆಯರೊಡನೆ 16 ಎಂಎಂ ಕ್ಯಾಮೆರಾ ಹಿಡಿದು ಅಲ್ಲಿದ್ದ. ಅವನು ತೆಗೆದ ದೃಶ್ಯಗಳು 17 ನಿಮಿಷದ ಕಪ್ಪು ಬಿಳುಪು ಸಾಕ್ಷ್ಯಚಿತ್ರವಾದವು. ‘ಸಂಡೇ’ ಎಂಬ ಆ ಚಿತ್ರವನ್ನು ಮುಂದೆ ಲಾಸ್ ಏಂಜಲಿಸ್‌ನ ಯುಸಿಎಲ್‌ಎ ಚಲನಚಿತ್ರ ಮತ್ತು ದೂರದರ್ಶನ ಸಂಗ್ರಹಾಗಾರ ಪುನರುಜ್ಜೀವನಗೊಳಿಸಿತು. ಈ ಚಿತ್ರ ಏನನ್ನು ಉಳಿಸಿತು, ಏನನ್ನು ಉಳಿಸಲಿಲ್ಲ, ಉಳಿದದ್ದು ಹೇಗೆ ಉಳಿಯಿತು ಎಂಬುದನ್ನು ಸ್ವಲ್ಪ ವಿವರವಾಗಿ ನೋಡುವುದು ಈ ಬರಹದ ಉದ್ದೇಶ. ನನ್ನ ಮಟ್ಟಿಗೆ ಈ ಪ್ರಕರಣದ ತಿರುಳು ಒಂದೇ: ಹಾಡು ಸಲೀಸಾಗಿ ಸಾಗುತ್ತಿದ್ದ ಅದೆಷ್ಟೋ ಭಾನುವಾರಗಳಿಗೆ ಇಷ್ಟು ದಟ್ಟವಾದ ಚಿತ್ರದಾಖಲೆ ಸಿಗಲಿಲ್ಲ, ಹಾಡಬಾರದೆಂದ ಒಂದು ಭಾನುವಾರಕ್ಕೆ ಸಿಕ್ಕಿತು. ಆದ್ದರಿಂದ ಸುರುಳಿಯಲ್ಲಿ ಉಳಿದಿರುವುದು ಹಾಡಿಗಿಂತ ಹೆಚ್ಚಾಗಿ, ಹಾಡಲು ಬೇಕಾದ ಜಾಗಕ್ಕಾಗಿ ನಡೆದ ವಾದ.

ಜಾಗ ಮತ್ತು ಜಗಳ

ಮೊದಲಿಗೆ ಪದದ ಬಗ್ಗೆ ಒಂದು ಮಾತು. ಕನ್ನಡದಲ್ಲಿ ಜನಪದ ಎಂದ ಕೂಡಲೇ ನಾಡು, ಹಳ್ಳಿ, ಬಾಯಿಂದ ಬಾಯಿಗೆ ಬಂದ ಪದ ನೆನಪಾಗುತ್ತವೆ. ನಗರದ ಜನಪದ ಸಂಗೀತ ಎಂಬ ಮಾತೇ ನಮ್ಮ ಕಿವಿಗೆ ಕೊಂಚ ಅಡ್ಡಾದಿಡ್ಡಿಯಾಗಿ ಕೇಳುತ್ತದೆ. ಗ್ರೀನಿಚ್ ವಿಲೇಜ್‌ನಲ್ಲಿ ‘ಫೋಕ್’ ಎನಿಸಿಕೊಂಡದ್ದು, ಅಪಲಾಚಿಯನ್ ಬೆಟ್ಟಸಾಲಿನ ಹಳ್ಳಿಗರ, ದಕ್ಷಿಣದ ಕಪ್ಪು ಜನರ, ಗಣಿ ಮತ್ತು ಗಿರಣಿ ಕಾರ್ಮಿಕರ ಹಾಡುಗಳನ್ನು ನಗರದ ಹುಡುಗರು ಕಲಿತು, ತಿದ್ದಿ, ಕೆಲವೊಮ್ಮೆ ಕೆಡಿಸಿ, ತಮ್ಮದಾಗಿಸಿಕೊಂಡ ಸಂಗೀತ. ಹಾಡಿನ ಮೂಲ ಬೇರೆಲ್ಲೋ ಇತ್ತು, ಕೂಟ ಮಾತ್ರ ಆ ನಗರದ್ದೇ ಆಗಿತ್ತು. ಕಲಿಕೆಗೆ ಹಳೆಯ ಧ್ವನಿಮುದ್ರಿಕೆಗಳೂ ನೆರವಾದವು. 1952ರಲ್ಲಿ ಫೋಕ್‌ವೇಸ್ ಸಂಸ್ಥೆ ಹೊರತಂದ, ಹ್ಯಾರಿ ಸ್ಮಿತ್ ಆರಿಸಿದ 84 ಹಳೆಯ ಮುದ್ರಿಕೆಗಳ ಸಂಕಲನವನ್ನು ಆ ಹುಡುಗರು ಪಠ್ಯಪುಸ್ತಕದಂತೆ ಕೇಳಿ ಅಭ್ಯಾಸ ಮಾಡಿದರು. ಆದರೆ ಮುದ್ರಿಕೆ ಕೇಳಿ ಕಲಿತದ್ದನ್ನು ತಿದ್ದಿಕೊಳ್ಳಲು ಎದುರಿಗೆ ಇನ್ನೊಬ್ಬ ನುಡಿಸುವವನು ಬೇಕು. ಅವನು ಭಾನುವಾರದ ಉದ್ಯಾನದಲ್ಲಿ ಸಿಗುತ್ತಿದ್ದ.

1940ರ ದಶಕದ ನಡುವಿನಿಂದಲೂ ಭಾನುವಾರ ಮಧ್ಯಾಹ್ನ ವಾಷಿಂಗ್ಟನ್ ಸ್ಕ್ವೇರ್‌ನ ಕಾರಂಜಿಯ ಸುತ್ತ ಹಾಡುಗಾರರು ಸೇರುವ ರೂಢಿಯಿತ್ತು, ಅದಕ್ಕೆ ನಗರದ ಉದ್ಯಾನ ಇಲಾಖೆ ಪರವಾನಗಿ ಕೊಡುತ್ತಿತ್ತು. ಉದ್ಯಾನದ ದಕ್ಷಿಣಕ್ಕೆ ಮ್ಯಾಕ್‌ಡೂಗಲ್ ಬೀದಿಯಲ್ಲಿ ಕೆಲವೇ ಹೆಜ್ಜೆಗಳ ಅಂತರದಲ್ಲಿ ಈ ಸಂಗೀತದ ಮುಖ್ಯ ತಾಣಗಳಿದ್ದವು. 110ನೇ ಸಂಖ್ಯೆಯಲ್ಲಿ ಇಜ್ಜಿ ಯಂಗ್ 1957ರಲ್ಲಿ ತೆರೆದ ಫೋಕ್‌ಲೋರ್ ಸೆಂಟರ್ ಇತ್ತು. ಹೆಸರಿಗೆ ಪುಸ್ತಕ, ಮುದ್ರಿಕೆ, ತಂತಿ ಮಾರುವ ಅಂಗಡಿಯಾದರೂ, ನಿಜಕ್ಕೂ ಅದು ಹಾಡುಗಾರರ ಕಟ್ಟೆ. 116ರಲ್ಲಿ ಗ್ಯಾಸ್‌ಲೈಟ್ ಕೆಫೆ ಇತ್ತು. ಮೇಲಂತಸ್ತಿನವರ ನಿದ್ದೆ ಕೆಡದಿರಲೆಂದು ಅಲ್ಲಿ ಚಪ್ಪಾಳೆಯ ಬದಲು ಬೆರಳು ಚಿಟಿಕೆ ಹಾಕುತ್ತಿದ್ದರೆಂದು ಹೇಳುವುದುಂಟು. ಸ್ವಲ್ಪ ಪೂರ್ವಕ್ಕೆ, ಪಶ್ಚಿಮ 4ನೇ ಬೀದಿಯಲ್ಲಿ ಗರ್ಡೀಸ್ ಫೋಕ್ ಸಿಟಿ ಇತ್ತು. 1961ರ ಜನವರಿಯಲ್ಲಿ ಬಾಬ್ ಡಿಲನ್ ಎಂಬ ಹೊಸಬ ಈ ಬೀದಿಗಳಿಗೆ ಬಂದಿಳಿದದ್ದೂ, ಅದೇ ವರ್ಷದ ನವೆಂಬರ್ 4ರಂದು ಇಜ್ಜಿ ಯಂಗ್ ಅವನಿಗಾಗಿ ಕಾರ್ನೆಗಿ ಚಾಪ್ಟರ್ ಹಾಲ್‌ನಲ್ಲಿ ಏರ್ಪಡಿಸಿದ ಕಛೇರಿಗೆ ಐವತ್ತು ಚಿಲ್ಲರೆ ಮಂದಿಯಷ್ಟೇ ಬಂದದ್ದೂ ಈಗ ಎಲ್ಲರಿಗೂ ಗೊತ್ತಿರುವ ಕಥೆ. ಅವನ ಹೆಸರಿನ ಭಾರದಲ್ಲಿ ಉಳಿದವರ ಮುಖಗಳು ಮಸುಕಾಗಿರುವುದರಿಂದ ಈ ಬರಹದಲ್ಲಿ ಅವನನ್ನು ಇಷ್ಟಕ್ಕೇ ಬಿಡುತ್ತೇನೆ.

1961ರ ವಸಂತದಲ್ಲಿ ಉದ್ಯಾನ ಇಲಾಖೆಯ ಆಯುಕ್ತ ನ್ಯೂಬೋಲ್ಡ್ ಮಾರಿಸ್ ಪರವಾನಗಿ ನಿರಾಕರಿಸಿದ. ಇಜ್ಜಿ ಯಂಗ್ ಹಾಕಿದ ಅರ್ಜಿಯೂ ತಿರಸ್ಕೃತವಾಯಿತು. ಗದ್ದಲ, ಕಸ, ಹುಲ್ಲು ಹಾಸಿನ ರಕ್ಷಣೆ ಎಂಬವು ಬಾಯಿಮಾತಿನ ಕಾರಣಗಳು. ಕಪ್ಪು ಮತ್ತು ಬಿಳಿ ಯುವಜನ ಒಂದೆಡೆ ಕೂತು ಹಾಡುವುದು ಸುತ್ತಲಿನ ಕೆಲವು ನಿವಾಸಿಗಳಿಗೆ ಸಹನೆಯಾಗುತ್ತಿರಲಿಲ್ಲ ಎಂಬುದನ್ನು ಆಗ ಅಲ್ಲಿದ್ದ ಹಲವರು ಹೇಳಿದ್ದಾರೆ. ಕಾಲವೂ ಹಾಗೆಯೇ ಇತ್ತು. ಸಂಸತ್ತಿನ ಸಮಿತಿಯ ಮುಂದೆ ತನ್ನ ರಾಜಕೀಯ ಒಡನಾಟಗಳ ಬಗ್ಗೆ ಬಾಯಿಬಿಡಲು ಒಪ್ಪದ ಬ್ಯಾಂಜೊ ಹಾಡುಗಾರ ಪೀಟ್ ಸೀಗರ್‌ಗೆ ನ್ಯಾಯಾಲಯ ಒಂದು ವರ್ಷದ ಸೆರೆವಾಸ ವಿಧಿಸಿದ್ದು ಇದೇ ಏಪ್ರಿಲ್ 4ರಂದು, ಅಂದರೆ ಆ ಭಾನುವಾರಕ್ಕೆ ಐದು ದಿನ ಮೊದಲು. ಆ ತೀರ್ಪು 1962ರಲ್ಲಿ ರದ್ದಾಯಿತು. ಬ್ಯಾಂಜೊ ಹಿಡಿದವನನ್ನು ಕಂಡರೆ ಅಧಿಕಾರಸ್ಥರಿಗೆ ಅನುಮಾನ ಬರುವುದಕ್ಕೆ ಅಷ್ಟು ಸಾಕಾಗಿತ್ತು.

ಉದ್ಯಾನದ ಆ ಪ್ರತಿಭಟನೆಯ ಬಳಿಕ ಮೇ ತಿಂಗಳಲ್ಲಿ ಮೇಯರ್ ರಾಬರ್ಟ್ ವ್ಯಾಗ್ನರ್ ಭಾನುವಾರದ ಹಾಡಿಗೆ ಮತ್ತೆ ಅವಕಾಶ ಮಾಡಿಕೊಟ್ಟರು, ಮುಂದೆ ಮೇಲ್ಮನವಿ ನ್ಯಾಯಾಲಯವೂ ಹಾಡುಗಾರರ ಪರವಾಗಿ ನಿಂತಿತು.

ಕ್ಯಾಮೆರಾ ಹಿಡಿದದ್ದು

ಚಿತ್ರದ ಮೊದಲ ಭಾಗದಲ್ಲಿ ಇಜ್ಜಿ ಯಂಗ್ ಪೊಲೀಸ್ ಅಧಿಕಾರಿಯ ಎದುರು ನಿಂತು ವಾದಿಸುವುದು ಕಾಣುತ್ತದೆ. ಯಾವ ಸಂಗೀತ ಒಳ್ಳೆಯದು, ಯಾವುದು ಕೆಟ್ಟದ್ದು ಎಂದು ಜನರಿಗೆ ಹೇಳುವುದು ಆಯುಕ್ತರ ಕೆಲಸವಲ್ಲ ಎಂಬುದು ಆತನ ವಾದದ ಸಾರ. ಆ ಮಾತು ಬರಹದಲ್ಲಿಯೂ ಉಳಿದಿದೆ. ಆದರೆ ಬರಹದಲ್ಲಿಲ್ಲದ್ದು ಆತನ ದನಿಯ ಏರಿಳಿತ, ಆತನಿಗಿಂತ ಎತ್ತರದ ಪೊಲೀಸರ ಸಾವಧಾನ, ಸುತ್ತ ಕವಿದ ಹುಡುಗರ ಕೊರಳಲ್ಲಿ ನೇತಾಡುವ ವಾದ್ಯಗಳು. ನೀರಿಲ್ಲದ ಕಾರಂಜಿಯ ತೊಟ್ಟಿಯೊಳಕ್ಕೆ ಇಳಿದು ಕುಳಿತವರು ಹಾಡುತ್ತಾರೆ. ಕಾರ್ಮಿಕ ಚಳವಳಿಯಿಂದ ಬಂದ, ‘ನಾವು ಕದಲುವುದಿಲ್ಲ’ ಎಂಬ ಅರ್ಥದ ಪಲ್ಲವಿ ಕೇಳಿಸುತ್ತದೆ. ರಾಷ್ಟ್ರಗೀತೆ ಹಾಡುವವರ ತಲೆಗೆ ಪೊಲೀಸರು ಹೊಡೆಯಲಾರರೆಂಬ ಲೆಕ್ಕಾಚಾರದಿಂದ ಅದನ್ನೂ ಹಾಡಿದೆವೆಂದು ಯಂಗ್ ಮುಂದೊಮ್ಮೆ ನೆನಪಿಸಿಕೊಂಡರು.

ಈ ದೃಶ್ಯಗಳನ್ನು ಸಂಗೀತದ ದಾಖಲೆಯೆಂದು ಕರೆಯಬಹುದೇ ಎಂಬ ಪ್ರಶ್ನೆ ಸಂಗ್ರಹಾಗಾರದವರಿಗೆ ಹೊಸದೇನಲ್ಲ. ಒಂದು ಹಾಡೂ ಸ್ಪಷ್ಟವಾಗಿ, ಆದಿಯಿಂದ ಅಂತ್ಯದವರೆಗೆ ಇಲ್ಲಿ ಕೇಳುವುದಿಲ್ಲ. ಬ್ಯಾಂಜೊ ಬಾರಿಸುವ ಬೆರಳಿನ ಕ್ರಮ ಕಲಿಯಲು ಈ ಚಿತ್ರ ನೋಡಿದರೆ ಬರಿಗೈಯಲ್ಲಿ ಹಿಂತಿರುಗಬೇಕಾಗುತ್ತದೆ. ಆದರೂ ಅದೇ ನಗರದ ನೂರು ಧ್ವನಿಮುದ್ರಿಕೆಗಳಲ್ಲಿ ಸಿಗದ ಸಂಗತಿ ಇಲ್ಲಿದೆ. ಹಾಡುವವನಿಗೂ ಕೇಳುವವನಿಗೂ ನಡುವೆ ಅಂತರವೇ ಇಲ್ಲ. ಒಬ್ಬ ಶುರು ಮಾಡಿದ ಪಲ್ಲವಿಯನ್ನು ಎರಡನೆಯ ಸಾಲಿಗೆ ಪಕ್ಕದವರು ಎತ್ತಿಕೊಳ್ಳುತ್ತಾರೆ. ಕೋಟು ಟೈ ತೊಟ್ಟವರೂ, ಸ್ವೆಟರ್ ತೊಟ್ಟವರೂ, ಮಗುವನ್ನು ಎತ್ತಿಕೊಂಡು ದಾರಿಯಲ್ಲಿ ನಿಂತವರೂ ಒಂದೇ ಗುಂಪಿನಲ್ಲಿದ್ದಾರೆ. ಮೂರು ಸಾವಿರ ಬೀಟ್ನಿಕರ ದಂಗೆ ಎಂಬ ತಲೆಬರಹದ ಪಕ್ಕದಲ್ಲಿ ಈ ಚಿತ್ರವನ್ನಿಟ್ಟರೆ, ಯಾವುದು ಉತ್ಪ್ರೇಕ್ಷೆ ಎಂದು ವಾದಿಸುವ ಅಗತ್ಯವೇ ಬೀಳುವುದಿಲ್ಲ. ಸ್ಟುಡಿಯೊ ಮುದ್ರಿಕೆ ಹಾಡನ್ನು ಕೂಟದಿಂದ ಬಿಡಿಸಿ ಕೊಡುತ್ತದೆ, ಈ ಚಿತ್ರ ಕೂಟವನ್ನು ಹಾಗೆಯೇ ಇಟ್ಟುಕೊಂಡು ಹಾಡನ್ನು ಅರೆಬರೆಯಾಗಿ ಕೊಡುತ್ತದೆ.

ಅರೆಬರೆಯಾಗಲು ತಾಂತ್ರಿಕ ಕಾರಣವೂ ಇದೆ. ಸೆಕೆಂಡಿಗೆ 24 ಚೌಕಟ್ಟುಗಳ ವೇಗದಲ್ಲಿ 16 ಎಂಎಂ ಫಿಲ್ಮ್ ನಿಮಿಷಕ್ಕೆ 36 ಅಡಿ ಓಡುತ್ತದೆ. 100 ಅಡಿಯ ಸುರುಳಿ ಮೂರು ನಿಮಿಷ ತುಂಬುವ ಮೊದಲೇ ಮುಗಿಯುತ್ತದೆ, 400 ಅಡಿಯದು 11 ನಿಮಿಷಕ್ಕೆ. ಹತ್ತು ಚರಣದ ಕಥನಗೀತೆಯೊಂದನ್ನು ಪೂರ್ತಿ ಹಿಡಿಯಬೇಕೆಂದರೆ ಸುರುಳಿಯಲ್ಲಿ ಎಷ್ಟು ಅಡಿ ಉಳಿದಿದೆ ಎಂಬುದನ್ನು ಕ್ಯಾಮೆರಾದವನು ಹಾಡುಗಾರ ಶ್ರುತಿ ಮಾಡುವಾಗಲೇ ಲೆಕ್ಕ ಹಾಕಿರಬೇಕು. ಜೊತೆಗೆ, ಹೆಗಲ ಮೇಲೆ ಹೊತ್ತ ಕ್ಯಾಮೆರಾದ ಚಿತ್ರಕ್ಕೂ ಪ್ರತ್ಯೇಕ ಟೇಪಿನಲ್ಲಿ ಮುದ್ರಿಸಿದ ಧ್ವನಿಗೂ ತಾಳ ತಪ್ಪದಂತೆ ಹೊಂದಿಸುವ ಕೌಶಲ 1960ರ ಸುಮಾರಿನಲ್ಲಿ ಇನ್ನೂ ಹೊಸದು. ರಾಬರ್ಟ್ ಡ್ರೂ ಮತ್ತು ಅವರ ಸಂಗಡಿಗರು 1960ರಲ್ಲಿ ಚುನಾವಣಾ ಪ್ರಚಾರವನ್ನು ಹಿಂಬಾಲಿಸಿ ತೆಗೆದ ಸಾಕ್ಷ್ಯಚಿತ್ರದಲ್ಲಿ ಅದನ್ನು ಮಾಡಿ ತೋರಿಸಿದ್ದರಷ್ಟೆ. ಕ್ಯಾಮೆರಾ ಸ್ಟ್ಯಾಂಡು ಬಿಟ್ಟು ಬೀದಿಗಿಳಿದ ಆ ಹೊತ್ತಿಗೆ ಸರಿಯಾಗಿ ಬೀದಿಯ ಹಾಡಿಗೆ ತಡೆ ಬಂತು. ಎರಡೂ ಕೂಡಿಬಂದದ್ದು ಕಾಕತಾಳೀಯ.

ಅದೇ ವರ್ಷದ ಇನ್ನೊಂದು ಸುರುಳಿ

ಹೋಲಿಕೆಗೆ ಬೇರೆ ಊರಿಗೆ ಹೋಗಬೇಕಾಗಿಲ್ಲ. 1961ರಲ್ಲಿಯೇ, ಉದ್ಯಾನಕ್ಕೆ ತೀರ ಹತ್ತಿರ ಪಶ್ಚಿಮ 3ನೇ ಬೀದಿಯಲ್ಲಿದ್ದ ತನ್ನ ಮನೆಯಲ್ಲಿ ಜನಪದ ಸಂಗ್ರಾಹಕ ಅಲನ್ ಲೋಮ್ಯಾಕ್ಸ್ ಹಾಡುಗಾರರ ಕೂಟವೊಂದನ್ನು ಸೇರಿಸಿ ಚಿತ್ರೀಕರಿಸಿದರು. ಕ್ಯಾಮೆರಾ ಹಿಡಿದವರು ಜಾರ್ಜ್ ಪಿಕೋ. ಹಿನ್ನೆಲೆಯಲ್ಲಿದ್ದದ್ದು ಫ್ರೆಂಡ್ಸ್ ಆಫ್ ಓಲ್ಡ್ ಟೈಮ್ ಮ್ಯೂಸಿಕ್ ಎಂಬ ಕೂಟ: ರಾಲ್ಫ್ ರಿಂಜ್ಲರ್, ಜಾನ್ ಕೋಹೆನ್ ಮತ್ತು ಇಜ್ಜಿ ಯಂಗ್ ಸೇರಿ ಹಳ್ಳಿಗಳ ಹಿರಿಯ ಹಾಡುಗಾರರನ್ನೇ ನಗರಕ್ಕೆ ಕರೆಸಿ ಹಾಡಿಸಲು ಕಟ್ಟಿದ್ದು. ಅದು 1961ರಿಂದ 1965ರವರೆಗೆ 14 ಕಛೇರಿಗಳನ್ನು ನಡೆಸಿತು. 1920ರ ದಶಕದಲ್ಲಿಯೇ ಮುದ್ರಿಕೆ ಕೊಟ್ಟು ಮರೆತುಹೋಗಿದ್ದ ಕ್ಲಾರೆನ್ಸ್ ಆ್ಯಶ್ಲಿ, ಅವರೊಡನೆ ಬಂದ ಕುರುಡು ಗಿಟಾರ್ ವಾದಕ ಡಾಕ್ ವಾಟ್ಸನ್, ಕೆಂಟಕಿಯ ರೋಸ್ಕೊ ಹೋಲ್‌ಕಂಬ್ ಹೀಗೆ ನಗರದ ಮುಂದೆ ಬಂದರು. ಲೋಮ್ಯಾಕ್ಸ್ ಮನೆಯ ಚಿತ್ರದಲ್ಲಿ ಇವರೂ, ಬ್ಲೂಸ್ ಹಾಡುವ ಮೆಂಫಿಸ್ ಸ್ಲಿಮ್ ಮತ್ತು ವಿಲ್ಲಿ ಡಿಕ್ಸನ್ ಅವರೂ, ಅವರನ್ನು ನೋಡಿ ಕಲಿಯುತ್ತಿದ್ದ ನಗರದ ಹುಡುಗರೂ ಒಂದೇ ಕೋಣೆಯಲ್ಲಿದ್ದಾರೆ.

ಇಲ್ಲಿ ಹಾಡು ಪೂರ್ತಿಯಾಗಿದೆ, ಬೆರಳು ಸ್ಪಷ್ಟವಾಗಿ ಕಾಣುತ್ತದೆ, ಬೆಳಕು ಹೊಂದಿಸಲಾಗಿದೆ. ಆದರೆ ಕೋಣೆಯೇ ಕ್ಯಾಮೆರಾಕ್ಕಾಗಿ ಸಜ್ಜಾದದ್ದು. ಯಾರು ಯಾವಾಗ ಹಾಡಬೇಕೆಂಬುದನ್ನು ಮನೆಯೊಡೆಯ ನಿಂತು ಹೇಳುತ್ತಾನೆ. ಲೋಮ್ಯಾಕ್ಸ್ ಈ ಸಂಗೀತದ ಬಗ್ಗೆ ಏನು ನಂಬಿದ್ದರೋ ಅದನ್ನೇ ಕೋಣೆ ಅಭಿನಯಿಸುತ್ತಿದೆ ಎಂದರೆ ಪೂರ್ತಿ ತಪ್ಪಾಗಲಾರದು. ಅವೆರಡು ಸುರುಳಿಗಳಲ್ಲಿ ಒಂದನ್ನಷ್ಟೇ ಉಳಿಸಿಕೊಳ್ಳಬೇಕೆಂದರೆ ಸಂಗೀತಗಾರರು ಎರಡನೆಯದನ್ನೂ ಇತಿಹಾಸಕಾರರು ಮೊದಲನೆಯದನ್ನೂ ಆರಿಸಿಕೊಂಡಾರು. ನಾನು ಮೊದಲನೆಯದನ್ನು ಆರಿಸುತ್ತೇನೆ. ಡಾಕ್ ವಾಟ್ಸನ್ ನುಡಿಸುವುದನ್ನು ನೋಡಲು ಮುಂದಿನ ವರ್ಷಗಳ ಬೇರೆ ಚಿತ್ರಗಳಿವೆ, ಬತ್ತಿದ ಕಾರಂಜಿಯಲ್ಲಿ ಕುಳಿತ ಆ ಗುಂಪು ಮತ್ತೆಲ್ಲೂ ಸಿಗುವುದಿಲ್ಲ. ಎರಡನೆಯದು ದಶಕಗಳ ಕಾಲ ಜನರ ಕಣ್ಣಿಗೆ ಬೀಳದೆ ಇತ್ತು, ಲೋಮ್ಯಾಕ್ಸ್ ತೀರಿಕೊಂಡ ಮೇಲೆ ಅವರ ಮಗಳು ಆನಾ ಲೋಮ್ಯಾಕ್ಸ್ ವುಡ್ ಅದನ್ನು ಹೊರತಂದರು ಎಂಬುದನ್ನೂ ಇಲ್ಲಿ ಹೇಳಬೇಕು. ಸೆರೆಹಿಡಿದ ಮಾತ್ರಕ್ಕೆ ದಾಖಲೆಯಾಗುವುದಿಲ್ಲ, ಯಾರಾದರೂ ಡಬ್ಬಿ ತೆರೆಯಬೇಕು.

ಮೂರನೆಯ ಮಾದರಿಯೊಂದೂ ಇದೆ. 1965–66ರಲ್ಲಿ ಪೀಟ್ ಸೀಗರ್ ನಡೆಸಿಕೊಟ್ಟ ‘ರೇನ್‌ಬೋ ಕ್ವೆಸ್ಟ್’ ಎಂಬ ದೂರದರ್ಶನ ಸರಣಿಯು ನದಿಯಾಚೆಯ ನೂಅರ್ಕ್‌ನ ಡಬ್ಲ್ಯುಎನ್‌ಜೆಯು ಎಂಬ ಸಣ್ಣ ಯುಎಚ್‌ಎಫ್ ಕೇಂದ್ರದಿಂದ ಪ್ರಸಾರವಾಯಿತು. ದೊಡ್ಡ ಜಾಲಗಳ ಬಾಗಿಲು ಆತನಿಗೆ ಮುಚ್ಚಿದ್ದ ಕಾಲವದು. ಎಲಿಜಬೆತ್ ಕಾಟನ್, ಮಿಸಿಸಿಪಿ ಜಾನ್ ಹರ್ಟ್, ರೆವರೆಂಡ್ ಗ್ಯಾರಿ ಡೇವಿಸ್ ಮುಂತಾದವರು ಅಡುಗೆಮನೆಯ ಮೇಜಿನಂಥದೊಂದರ ಸುತ್ತ ಕುಳಿತು ಮಾತಾಡುತ್ತ ಹಾಡಿದ್ದಾರೆ. ಟೇಪು ದುಬಾರಿಯಾಗಿದ್ದ ಆ ದಿನಗಳಲ್ಲಿ ಪ್ರಸಾರವಾದ ಕಾರ್ಯಕ್ರಮವನ್ನು ಅಳಿಸಿ ಅದೇ ಟೇಪಿನ ಮೇಲೆ ಇನ್ನೊಂದನ್ನು ಮುದ್ರಿಸುವುದು ದೂರದರ್ಶನ ಕೇಂದ್ರಗಳ ಸಾಮಾನ್ಯ ಪರಿಪಾಠವಾಗಿತ್ತು, ಎಷ್ಟೋ ದೊಡ್ಡ ಕೇಂದ್ರಗಳ ಕಾರ್ಯಕ್ರಮಗಳು ಹಾಗೆ ಅಳಿದುಹೋಗಿವೆ. ನೋಡುಗರೇ ಕಡಿಮೆಯಿದ್ದ ಈ ಸರಣಿ ಉಳಿದಿದೆ.

ಡಬ್ಬಿಯೊಳಗಿನ ಕಾಲ

ಧ್ವನಿಮುದ್ರಿಕೆಗಳ ಪಾಡಿಗೂ ಚಿತ್ರಸುರುಳಿಗಳ ಪಾಡಿಗೂ ಇರುವ ವ್ಯತ್ಯಾಸವನ್ನು ಈ ನಗರದಲ್ಲಿ ಚೆನ್ನಾಗಿ ನೋಡಬಹುದು. 1948ರಲ್ಲಿ ಮೋಸೆಸ್ ಆ್ಯಶ್ ನ್ಯೂಯಾರ್ಕ್‌ನಲ್ಲಿ ಆರಂಭಿಸಿದ ಫೋಕ್‌ವೇಸ್ ಸಂಸ್ಥೆಯನ್ನು 1987ರಲ್ಲಿ ಅಮೆರಿಕದ ರಾಷ್ಟ್ರೀಯ ವಸ್ತುಸಂಗ್ರಹಾಲಯಗಳ ಸಂಸ್ಥೆಯಾದ ಸ್ಮಿತ್ಸೋನಿಯನ್ ಕೊಂಡಾಗ, ಅದರ 2,168 ಮುದ್ರಿಕೆಗಳಲ್ಲಿ ಒಂದನ್ನೂ ಮಾರುಕಟ್ಟೆಯಿಂದ ತೆಗೆಯಬಾರದು ಎಂಬ ಷರತ್ತಿತ್ತು. ಕೊಳ್ಳುವವರಿಲ್ಲದ ಮುದ್ರಿಕೆಯೂ ಕೇಳಿದವರಿಗೆ ಸಿಗಬೇಕೆಂಬ ಹಟ ಆ್ಯಶ್‌ರದು. ಅಕ್ಷರಮಾಲೆಯಿಂದ ‘ಕ್ಯೂ’ ಅನ್ನು ಕಡಿಮೆ ಬಳಸುತ್ತಾರೆಂದು ತೆಗೆದುಬಿಡುತ್ತೇವೆಯೇ ಎಂದು ಅವರು ಕೇಳುತ್ತಿದ್ದರಂತೆ. ಚಿತ್ರದ ಕಡೆಗೆ ಹೀಗೆ ಹಟ ಹಿಡಿದ ಒಬ್ಬ ಯಜಮಾನ ಇರಲಿಲ್ಲ. ಸುರುಳಿಗಳು ತೆಗೆದವರ ಮನೆಯ ಅಟ್ಟದಲ್ಲಿ, ಲ್ಯಾಬುಗಳ ಕಪಾಟಿನಲ್ಲಿ, ಕೇಂದ್ರಗಳ ಗೋದಾಮಿನಲ್ಲಿ ಚದುರಿಹೋದವು.

ಅಟ್ಟದಲ್ಲಿ ಸುರುಳಿಗೆ ಏನಾಗುತ್ತದೆ ಎಂಬುದು ರಸಾಯನ ವಿಜ್ಞಾನದ ವಿಷಯ. ಅಂದಿನ 16 ಎಂಎಂ ಫಿಲ್ಮಿನ ಆಧಾರ ಪದರ ಸೆಲ್ಯುಲೋಸ್ ಅಸಿಟೇಟ್. ತೇವ ಮತ್ತು ಶಾಖದಲ್ಲಿ ಅದು ಒಡೆದು ಅಸಿಟಿಕ್ ಆಮ್ಲವನ್ನು ಬಿಡುತ್ತದೆ. ಡಬ್ಬಿ ತೆರೆದರೆ ಮೂಗಿಗೆ ಹೊಡೆಯುವ ಹುಳಿ ವಾಸನೆ ಅದರದ್ದೇ, ಆದ್ದರಿಂದಲೇ ಸಂಗ್ರಹಾಗಾರದವರು ಇದನ್ನು ವಿನೆಗರ್ ಸಿಂಡ್ರೋಮ್ ಎನ್ನುತ್ತಾರೆ. ಬಿಟ್ಟ ಆಮ್ಲವೇ ಮುಂದಿನ ಒಡೆತಕ್ಕೆ ಕಾರಣವಾಗುವುದರಿಂದ ಕೊಳೆತ ಒಮ್ಮೆ ಹಿಡಿಯಿತೆಂದರೆ ವೇಗ ಹೆಚ್ಚುತ್ತಲೇ ಹೋಗುತ್ತದೆ, ಸುರುಳಿ ಕುಗ್ಗಿ, ಸೊಟ್ಟಗಾಗಿ, ಹಲ್ಲುಚಕ್ರಕ್ಕೆ ಕೂರದಂತಾಗುತ್ತದೆ. ಸುಮಾರು 21 ಡಿಗ್ರಿ ಸೆಲ್ಸಿಯಸ್ ಉಷ್ಣತೆ ಮತ್ತು ಶೇ 50ರಷ್ಟು ತೇವವಿರುವ ಕೋಣೆಯಲ್ಲಿ ಹೊಸ ಅಸಿಟೇಟ್ ಫಿಲ್ಮಿಗೆ ಈ ರೋಗ ಕಾಣಿಸಿಕೊಳ್ಳಲು 40–50 ವರ್ಷ ಬೇಕೆಂಬುದು ಸಂರಕ್ಷಣಾ ಕ್ಷೇತ್ರದ ಅಂದಾಜು. 1961ರ ಸುರುಳಿಗೆ ಆ ಗಡುವು ಯಾವಾಗಲೋ ಮುಗಿದಿದೆ. ತಂಪಾದ, ಒಣಗಿದ ಉಗ್ರಾಣದಲ್ಲಿಟ್ಟರೆ ಅದೇ ಫಿಲ್ಮು ನೂರಾರು ವರ್ಷ ಬಾಳುತ್ತದೆ. ಕಪ್ಪು ಬಿಳುಪಾಗಿದ್ದದ್ದೂ ಈ ಚಿತ್ರಕ್ಕೆ ಒಳಿತೇ ಆಯಿತು, ಏಕೆಂದರೆ ಬೆಳ್ಳಿಯ ಕಣಗಳಿಂದಾದ ಬಿಂಬ ಬಣ್ಣದ ಫಿಲ್ಮಿನ ವರ್ಣದ್ರವ್ಯದಂತೆ ಮಾಸಿಹೋಗುವುದಿಲ್ಲ.

ಎಲ್ಲವನ್ನೂ ಡಿಜಿಟಲ್ ಮಾಡಿಬಿಟ್ಟರೆ ಮುಗಿಯಿತಲ್ಲ ಎನ್ನುವವರಿಗೆ ಒಂದು ಸಣ್ಣ ಲೆಕ್ಕ. 17 ನಿಮಿಷದ ಚಿತ್ರದಲ್ಲಿ 24,480 ಚೌಕಟ್ಟುಗಳಿವೆ. ಸಂಗ್ರಹಾಗಾರದ ಗುಣಮಟ್ಟದ 2ಕೆ (ಅಡ್ಡಕ್ಕೆ ಸುಮಾರು ಎರಡು ಸಾವಿರ ಬಿಂದುಗಳ) ಸ್ಕ್ಯಾನಿನಲ್ಲಿ ಒಂದೊಂದು ಚೌಕಟ್ಟೂ ಸುಮಾರು 12 ಮೆಗಾಬೈಟ್ ಹಿಡಿದರೆ ಒಟ್ಟು 300 ಗಿಗಾಬೈಟ್ ಸಮೀಪಕ್ಕೆ ಬರುತ್ತದೆ. ಸುರುಳಿಯ ರೂಪದಲ್ಲಿ ಅದೇ ಚಿತ್ರ 612 ಅಡಿ ಫಿಲ್ಮು, ಒಂದು ತಟ್ಟೆಯಗಲದ ಡಬ್ಬಿ. ಆ ಗಿಗಾಬೈಟುಗಳನ್ನು ಕೆಲವು ವರ್ಷಗಳಿಗೊಮ್ಮೆ ಹೊಸ ಮಾಧ್ಯಮಕ್ಕೆ ವರ್ಗಾಯಿಸಿ, ಬಿಟ್ಟುಹೋದದ್ದಿಲ್ಲವೆಂದು ಪರೀಕ್ಷಿಸಿ, ಎರಡು ಮೂರು ಊರುಗಳಲ್ಲಿ ಪ್ರತಿಯಿಡುವ ಕೆಲಸಕ್ಕೆ ಕೊನೆಯೆಂಬುದಿಲ್ಲ. ತಣ್ಣನೆಯ ಕೋಣೆಯಲ್ಲಿರುವ ಡಬ್ಬಿ ಅಷ್ಟು ಆರೈಕೆ ಕೇಳುವುದಿಲ್ಲ. ಆದ್ದರಿಂದ ಸ್ಕ್ಯಾನ್ ಆದ ಮೇಲೆ ಮೂಲ ಸುರುಳಿಯನ್ನು ಬಿಸಾಡುವುದು ಮೂರ್ಖತನ, ಆದರೂ ಅದು ಸಾಕಷ್ಟು ಕಡೆ ನಡೆದಿದೆ.

ಸಂಕಲನದಲ್ಲಿ ಕತ್ತರಿಸಿದ ತುಣುಕುಗಳ ಬಗ್ಗೆ ಪ್ರತ್ಯೇಕವಾಗಿ ಹೇಳಬೇಕು. ಸಾಕ್ಷ್ಯಚಿತ್ರ ನಿರ್ದೇಶಕನಿಗೆ ಓಟ ಬೇಕು. ಶ್ರುತಿ ಮಾಡುತ್ತ ಕಳೆದ ಎರಡು ನಿಮಿಷ, ಮರೆತ ಸಾಲನ್ನು ಪಕ್ಕದವನು ಹೇಳಿಕೊಟ್ಟದ್ದು, ಹಾಡಿನ ನಡುವೆ ತಂತಿ ಕಡಿದದ್ದು ಅವನಿಗೆ ಕಸ. ಜನಪದ ಸಂಗೀತವನ್ನು ಓದುವವನಿಗೆ ಹಾಡು ಒಬ್ಬನಿಂದ ಒಬ್ಬನಿಗೆ ದಾಟುವ ಗಳಿಗೆ ಇರುವುದೇ ಆ ಕಸದಲ್ಲಿ. ಸಾಲದ್ದಕ್ಕೆ, ಸಂಗೀತದ ಸಾಕ್ಷ್ಯಚಿತ್ರಗಳಲ್ಲಿ ಒಂದು ಹಾಡಿನ ಧ್ವನಿಯನ್ನು ಬೇರೆ ಹೊತ್ತಿನ ದೃಶ್ಯಗಳ ಮೇಲೆ ಹಾಸುವುದು ಸರ್ವೇಸಾಮಾನ್ಯ. ನೋಡುವಾಗ ಚೆಂದ, ಯಾವ ಕೈ ಯಾವ ಸ್ವರ ನುಡಿಸುತ್ತಿದೆ ಎಂದು ಹುಡುಕುವವನಿಗೆ ಮಾತ್ರ ಅದು ಸುಳ್ಳು ಸಾಕ್ಷಿ. ಮುಗಿದ ಚಿತ್ರದ ಪ್ರತಿಯೊಂದನ್ನು ಕಾಪಿಟ್ಟು ಕಚ್ಚಾ ಸುರುಳಿಗಳನ್ನೂ ಮೂಲ ಧ್ವನಿ ಟೇಪುಗಳನ್ನೂ ಕೈಬಿಡುವ ಸಂಗ್ರಹಾಗಾರವು ನಿರ್ದೇಶಕನ ಅಭಿರುಚಿಯನ್ನು ಉಳಿಸುತ್ತದೆ, ನಗರದ ಸಂಗೀತವನ್ನಲ್ಲ.

ಹೆಸರು ಮತ್ತು ಹಕ್ಕು

ಸುರುಳಿ ಗಟ್ಟಿಯಾಗಿದ್ದರೂ ಅದರ ಬಳಕೆಗೆ ಅಡ್ಡ ನಿಲ್ಲುವುದು ಹಕ್ಕುಸ್ವಾಮ್ಯ. ಚಿತ್ರದೊಂದಿಗೆ ಹಾಡನ್ನು ಸೇರಿಸಲು ಹಾಡಿನ ಒಡೆಯರಿಂದ ಬೇರೆಯೇ ಅನುಮತಿ ಪಡೆಯಬೇಕು. ಧ್ವನಿಮುದ್ರಿಕೆಯೊಂದನ್ನು ಬಳಸಿದರೆ ಮುದ್ರಿಕೆಯ ಒಡೆಯರಿಂದ ಮತ್ತೊಂದು. ಜನಪದ ಹಾಡಿಗೆ ಒಡೆಯ ಯಾರು ಎಂಬ ಪ್ರಶ್ನೆ ಕೇಳಲು ಸುಲಭ. ಹಾಡು ಪರಂಪರೆಯದ್ದಾದರೂ ಅದನ್ನು ಹೊಂದಿಸಿ ಹಾಡಿದವನು ತನ್ನ ಪಾಠಕ್ಕೆ ಹಕ್ಕು ನೋಂದಾಯಿಸಿಕೊಂಡಿರಬಹುದು, ಒಂದೇ ಹಾಡಿಗೆ ಅಂಥ ಹಲವು ಪಾಠಗಳಿರಬಹುದು. ಬೀದಿಯ ಗುಂಪು ಅವುಗಳಲ್ಲಿ ಯಾವುದನ್ನು ಹಾಡುತ್ತಿದೆ ಎಂದು ತೀರ್ಮಾನಿಸಲು ವಕೀಲನಿಗಿಂತ ಹಾಡುಗಾರನೇ ಬೇಕು. ಈ ತೊಡಕು ಎಷ್ಟು ದೊಡ್ಡದಾಗಬಲ್ಲದು ಎಂಬುದಕ್ಕೆ ಕಪ್ಪು ಜನರ ನಾಗರಿಕ ಹಕ್ಕು ಚಳವಳಿಯ ಕುರಿತ ‘ಐಸ್ ಆನ್ ದ ಪ್ರೈಜ್’ ಸರಣಿಯೇ ಸಾಕ್ಷಿ. ಅದರಲ್ಲಿ ಬಳಸಿದ ಹಳೆಯ ದೃಶ್ಯ ಮತ್ತು ಹಾಡುಗಳ ಅನುಮತಿಯ ಅವಧಿ ಮುಗಿದದ್ದರಿಂದ, ಎಲ್ಲರೂ ಮೆಚ್ಚಿದ ಆ ಸರಣಿ 2006ರಲ್ಲಿ ಮರುಪ್ರಸಾರವಾಗುವವರೆಗೆ ಹಲವು ವರ್ಷ ದೂರದರ್ಶನದಿಂದಲೂ ಮಾರುಕಟ್ಟೆಯಿಂದಲೂ ಮರೆಯಾಗಿತ್ತು. ದಾಖಲೆಗಳನ್ನು ಬಳಸಿದ ಚಿತ್ರವೇ ಹೀಗೆ ದಾಖಲೆಯ ಕೋಣೆಗೆ ಮರಳಿತು.

ಹಕ್ಕಿನ ತೊಡಕಿಗೆ ಹಣ ಮತ್ತು ತಾಳ್ಮೆಯಿಂದ ಪರಿಹಾರವಿದೆ. ಹೆಸರಿನ ತೊಡಕಿಗೆ ಕಾಲವೊಂದೇ ಬೇಕು, ಅದು ಕೈಯಲ್ಲಿಲ್ಲ. ‘ಸಂಡೇ’ಯಂಥ ಚಿತ್ರದಲ್ಲಿ ಕ್ಯಾಮೆರಾದ ಮುಂದೆ ಹಾದುಹೋಗುವ ನೂರಾರು ಮುಖಗಳಲ್ಲಿ ಹೆಸರು ಗೊತ್ತಿರುವವು ಬೆರಳೆಣಿಕೆಯಷ್ಟು. ಗ್ರಂಥಾಲಯದ ಪಟ್ಟಿಯಲ್ಲಿ ಇಂಥ ಚಿತ್ರಕ್ಕೆ ಸಾಮಾನ್ಯವಾಗಿ ಸಿಗುವುದು ಶೀರ್ಷಿಕೆ, ನಿರ್ದೇಶಕ, ವರ್ಷ, ಅವಧಿ, ಎರಡು ಸಾಲಿನ ಸಾರಾಂಶ. ಅದರಿಂದ ಬ್ಯಾಂಜೊ ಹುಡುಕಿ ಬಂದವನಿಗೆ ಪ್ರಯೋಜನವಿಲ್ಲ. ಬೇಕಾದದ್ದು ದೃಶ್ಯದಿಂದ ದೃಶ್ಯಕ್ಕೆ ಬರೆದ ವಿವರ: ಎಷ್ಟನೇ ನಿಮಿಷದಲ್ಲಿ ಯಾವ ವಾದ್ಯ, ಯಾವ ಶ್ರುತಿ, ಯಾವ ಹಾಡಿನ ಯಾವ ಚರಣ, ಉದ್ಯಾನದ ಯಾವ ಬದಿ, ಹಿಂದೆ ಕಾಣುವ ಕಟ್ಟಡ ಯಾವುದು. ಒಂದು ನಿಮಿಷದ ದೃಶ್ಯಕ್ಕೆ ಹೀಗೆ ಟಿಪ್ಪಣಿ ಬರೆಯಲು ಕೆಲವು ಗಂಟೆ ಹಿಡಿದೀತು. ಯಂತ್ರಗಳು ಮುಖ ಗುರುತಿಸುವ ಕಾಲ ಬಂದಿದೆಯಲ್ಲ ಎಂದರೆ, ಇಪ್ಪತ್ತರ ಹರೆಯದಲ್ಲಿ ಒಂದು ಭಾನುವಾರ ಉದ್ಯಾನಕ್ಕೆ ಹೋಗಿದ್ದವನ ಮುಖವನ್ನು ಯಾವ ಚಿತ್ರಕ್ಕೆ ಹೋಲಿಸಿ ಗುರುತಿಸಬೇಕು? ಗುರುತಿಸಬಲ್ಲವರು ಪಕ್ಕದಲ್ಲಿ ನಿಂತಿದ್ದವರು. ಅಂದಿನ 18ರ ಹುಡುಗರಿಗೆ ಈಗ 80 ದಾಟಿದೆ.

ಪಕ್ಕದಲ್ಲಿ ನಿಂತು ಎಲ್ಲರನ್ನೂ ಬಲ್ಲವನಾಗಿದ್ದ ಇಜ್ಜಿ ಯಂಗ್ 1973ರಲ್ಲಿ ನ್ಯೂಯಾರ್ಕಿನ ಅಂಗಡಿ ಮುಚ್ಚಿ ಸ್ವೀಡನ್ನಿನ ಸ್ಟಾಕ್‌ಹೋಮ್‌ಗೆ ಹೋಗಿ ಅಲ್ಲಿ ಅಂಥದೇ ಇನ್ನೊಂದನ್ನು ತೆರೆದರು. 2019ರಲ್ಲಿ ಅಲ್ಲಿಯೇ ತೀರಿಕೊಂಡರು. ಅಂಗಡಿಗೆ ಬಂದವರ, ಹೋದವರ, ಸಾಲ ಹೇಳಿದವರ ಬಗ್ಗೆ ಅವರು ಬರೆದಿಟ್ಟ ದಿನಚರಿಗಳೂ ಕಾಗದಪತ್ರಗಳೂ ಈಗ ವಾಷಿಂಗ್ಟನ್ನಿನ ಲೈಬ್ರರಿ ಆಫ್ ಕಾಂಗ್ರೆಸ್‌ನ ಅಮೆರಿಕನ್ ಫೋಕ್‌ಲೈಫ್ ಸೆಂಟರ್‌ನಲ್ಲಿವೆ. 2004ರಲ್ಲಿ ಲೋಮ್ಯಾಕ್ಸ್ ಸಂಗ್ರಹವೂ ಅಲ್ಲಿಗೇ ಸೇರಿತು. ಫೋಕ್‌ವೇಸ್ ಮುದ್ರಿಕೆಗಳು ಅದೇ ನಗರದ ಸ್ಮಿತ್ಸೋನಿಯನ್‌ನಲ್ಲಿವೆ. ಯಂಗ್ ಪೊಲೀಸರೊಡನೆ ವಾದಿಸುವ ಚಿತ್ರವಾದರೋ ದೇಶದ ಇನ್ನೊಂದು ತುದಿಯ ಲಾಸ್ ಏಂಜಲಿಸ್‌ನಲ್ಲಿ ಪುನರುಜ್ಜೀವನಗೊಂಡದ್ದು. ಒಂದೇ ಬೀದಿಯ, ಒಂದೇ ವರ್ಷದ ಸಂಗೀತದ ಚಿತ್ರವನ್ನೂ ದನಿಯನ್ನೂ ಕಾಗದವನ್ನೂ ಒಟ್ಟಿಗೆ ನೋಡಬಯಸುವವನು ಗ್ರೀನಿಚ್ ವಿಲೇಜ್ ಬಿಟ್ಟು ಉಳಿದೆಡೆಗೆಲ್ಲ ಹೋಗಬೇಕಾಗಿದೆ.

ದಿನಚರಿಯನ್ನು ಚಿತ್ರದ ಪಕ್ಕದಲ್ಲಿಟ್ಟು ಓದಿದರೆ ಕೆಲವು ಮುಖಗಳಿಗಾದರೂ ಹೆಸರು ಸಿಗುವ ಸಂಭವವಿದೆ: ಆ ವಾರ ತಂತಿ ಕೊಂಡವರು ಯಾರು, ಬ್ಯಾಂಜೊ ಒತ್ತೆಯಿಟ್ಟವರು ಯಾರು, ಅರ್ಜಿಗೆ ಸಹಿ ಹಾಕಿದವರು ಯಾರು. ಇದು ಒಬ್ಬಿಬ್ಬರು ಸಂಶೋಧಕರು ಒಂದೆರಡು ವರ್ಷದಲ್ಲಿ ಮಾಡಬಹುದಾದ ಕೆಲಸ. ಆದರೆ ಮೊದಲು ಆಗಬೇಕಾದದ್ದು ಅದಲ್ಲ. ಆ ಮಧ್ಯಾಹ್ನ ಕಾರಂಜಿಯಲ್ಲಿ ಕುಳಿತಿದ್ದು ಇನ್ನೂ ಬದುಕಿರುವವರನ್ನು ಹುಡುಕಿ, ಚಿತ್ರವನ್ನು ಒಂದೊಂದು ದೃಶ್ಯಕ್ಕೂ ನಿಲ್ಲಿಸುತ್ತ ತೋರಿಸಿ, ಅವರು ಹೇಳಿದ್ದನ್ನು ಮುದ್ರಿಸಿಕೊಳ್ಳಬೇಕು. ಪಕ್ಕದಲ್ಲಿ ಕುಳಿತಿದ್ದವನ ಹೆಸರು ಕೇಳಬೇಕು, ಆ ಹಾಡನ್ನು ಯಾರಿಂದ ಕಲಿತದ್ದೆಂದು ಕೇಳಬೇಕು, ತಡೆಯಿಲ್ಲದ ಅದರ ಹಿಂದಿನ ಭಾನುವಾರಗಳಲ್ಲಿ ಅದೇ ಕಾರಂಜಿಯ ಬಳಿ ಯಾರು ಯಾವ ಮೂಲೆಯಲ್ಲಿ ನಿಂತು ಏನು ಹಾಡುತ್ತಿದ್ದರೆಂದೂ ಕೇಳಬೇಕು.